ಅತ್ತೆಯ ಎಡೆಗೆ ಪಪ್ಸು

ಮೈದಾ ಹಿಟ್ಟನ್ನು ಕಲಸಿ, ನಾದಿ, ಲಟ್ಟಿಸಿ, ಹಾಳೆ ಮಾಡಿ, ಮಂಜುಗಟ್ಟಿಸಿ ಡಬ್ಬದಲ್ಲಿಟ್ಟು ಮಾರುತ್ತಾರೆ ಎಂಬುದು ನನಗೆ ಗೊತ್ತಾದದ್ದು ನನ್ನ ವಾರಗಿತ್ತಿಯಿಂದ. ಅವಳು ನನ್ನ ಮೈದುನನ ಹೆಂಡತಿ, ಹುಣಸೂರಿನಲ್ಲಿ ಮನೆ. ಆ ಹಾಳೆಯನ್ನು ಚೌಕ ಚೌಕವಾಗಿ ಕತ್ತರಿಸಿ, ನಡುವೆ ಒಂದು ಚಮಚ ಕೈಮಾ, ಅದರ ಮೇಲೆ ಒಂದು ತುಂಡು ಚೀಸ್ ಇಟ್ಟು, ಮಡಚಿ, ಅಂಚು ಒತ್ತಿ, ಓವನ್ನಿನೊಳಗೆ ತಳ್ಳಿ, ‘ಮನೇಲೇ ಮಾಡಿದ್ದು’ ಎನ್ನುತ್ತಾಳೆ. ಲಕೋಟೆಗೆ ಕಾಗದ ತುರುಕಿ ಅಂಟಿಸುವುದೂ ಅಡುಗೆಯಾದರೆ ಅಂಚೆ ಕಚೇರಿಯ ತುಂಬ ಬಾಣಸಿಗರೇ ಇರಬೇಕು. ಮಾಡಿದಾಗಲೆಲ್ಲ ಅದರ ಫೋಟೊ ಮನೆಯವರ ವಾಟ್ಸಾಪ್ ಗುಂಪಿಗೆ ಬರುತ್ತಿತ್ತು. ನಾನು ಹೆಬ್ಬೆಟ್ಟಿನ ಗುರುತು ಒತ್ತಿ ಸುಮ್ಮನಾಗುತ್ತಿದ್ದೆ.

ಚೀಸ್ ಬಗ್ಗೆಯೂ ಹೇಳಿಬಿಡುತ್ತೇನೆ. ನಮ್ಮದು ಬೆಟ್ಟದಪುರದ ಕೆಳಗಿನ ಹಳ್ಳಿ. ಹೊಗೆಸೊಪ್ಪು, ಜೋಳ, ಎರಡು ಸೀಮೆ ಹಸು. ಬೆಳಿಗ್ಗೆ ಸಂಜೆ ಡೈರಿಗೆ ಹಾಲು ಹಾಕುತ್ತೇವೆ. ಆ ಹಾಲು ಎಲ್ಲೆಲ್ಲೋ ಹೋಗಿ, ಯಾರ್ಯಾರ ಕೈಯಲ್ಲೋ ಹಳದಿ ಹಾಳೆಯಾಗಿ, ಒಂದೊಂದು ಹಾಳೆಗೂ ಒಂದೊಂದು ಪ್ಲಾಸ್ಟಿಕ್ ಅಂಗಿ ತೊಟ್ಟು ಹುಣಸೂರಿಗೆ ವಾಪಸು ಬರುತ್ತದೆ. ಅದನ್ನು ನನ್ನ ವಾರಗಿತ್ತಿ ದುಡ್ಡು ಕೊಟ್ಟು ಕೊಳ್ಳುತ್ತಾಳೆ. ಬಾಡಿನ ಮೇಲೆ ಹಾಲಿನ ಪದಾರ್ಥ ಹಾಕಿ ತಿನ್ನುವುದನ್ನು ನಾನು ನೋಡಿದ್ದು ಅವಳ ಫೋಟೊಗಳಲ್ಲೇ ಮೊದಲು.

ಇದೆಲ್ಲ ಅವಳ ಮನೆಯ ಅಡುಗೆಮನೆಯಲ್ಲಿ ನಡೆಯುವಷ್ಟು ದಿನ ನನಗೇನೂ ಆಗಬೇಕಾಗಿರಲಿಲ್ಲ. ಹಿರಿಯರ ಹಬ್ಬ ಇನ್ನು ಒಂದು ವಾರ ಇದೆ ಎನ್ನುವಾಗ ಅವಳ ಫೋನು ಬಂತು.

“ಅಕ್ಕ, ಈ ಸಲ ಅತ್ತೆ ಎಡೆಗೆ ನಾನು ಪಪ್ಸ್ ಮಾಡ್ಕೊಂಡ್ ಬತ್ತೀನಿ. ಮಟನ್ ಚೀಸ್ ಪಪ್ಸು.”

ಎಡೆ ಎಂದರೆ ನಮ್ಮಲ್ಲಿ ತಮಾಷೆಯ ಮಾತಲ್ಲ. ಹಿರಿಯರ ಹಬ್ಬದ ದಿನ ಸತ್ತವರ ಫೋಟೊಗಳನ್ನು ಸಾಲಾಗಿ ಇಟ್ಟು, ಹೊಸ ಪಂಚೆ ಸೀರೆ ಇಟ್ಟು, ಒಬ್ಬೊಬ್ಬರ ಮುಂದೆಯೂ ಬಾಳೆಲೆ ಹಾಕಿ, ಅವರವರು ಬದುಕಿದ್ದಾಗ ಏನು ಇಷ್ಟಪಡುತ್ತಿದ್ದರೋ ಅದನ್ನು ಬಡಿಸುತ್ತೇವೆ. ಧೂಪ ಹಾಕಿ, ಬಾಗಿಲು ಮುಚ್ಚಿಕೊಂಡು ಎಲ್ಲರೂ ಹೊರಗೆ ಜಗುಲಿಯಲ್ಲಿ ಕೂರುತ್ತೇವೆ. ಒಳಗೆ ಅವರು ಬಂದು ಉಣ್ಣುತ್ತಾರೆ. ಅತ್ತೆ ತೀರಿಕೊಂಡು ವರ್ಷ ತುಂಬಿತ್ತು. ಅವರ ಹೆಸರಿಗೆ ಇದೇ ಮೊದಲ ಎಲೆ.

“ನಿಂಗೇನ್ ತಲೆ ಕೆಟ್ಟಿದ್ದಾ? ಬೇಕರಿ ಸಾಮಾನ್ನ ಎಡೆಗೆ ಇಕ್ಕಾರ?” ಅಂದೆ.

“ಬೇಕರೀದಲ್ಲ ಅಕ್ಕ, ನಾನೇ ಮಾಡದು. ಅತ್ತೆ ಇಷ್ಟಪಟ್ಟು ತಿಂತಿದ್ರು.”

ಅತ್ತೆ ಕಣ್ಣಿನ ಪೊರೆ ತೆಗೆಸಿದ ಮೇಲೆ ಎರಡು ತಿಂಗಳು ಹುಣಸೂರಿನಲ್ಲಿ ಇದ್ದರು. ಆ ಎರಡು ತಿಂಗಳನ್ನು ಇಟ್ಟುಕೊಂಡು ಇವಳು ನನಗೆ ಅತ್ತೆಯ ಇಷ್ಟಾನಿಷ್ಟ ಹೇಳಿಕೊಡಲು ಹೊರಟಿದ್ದಳು. ಇಪ್ಪತ್ತು ವರ್ಷಕ್ಕೂ ಮೀರಿ ಅತ್ತೆಯ ಜೊತೆ ಒಂದೇ ಒಲೆಯ ಮುಂದೆ ಕೂತವಳು ನಾನು. ಅವರಿಗೆ ಬಿ.ಪಿ. ಶುರುವಾದ ಮೇಲೆ, ಸಾರಿಗೆ ಉಪ್ಪು ಬೀಳುವ ಮೊದಲೇ ಅವರ ಪಾಲನ್ನು ಬೇರೆ ಪಾತ್ರೆಗೆ ತೆಗೆದಿಡುತ್ತಿದ್ದವಳು ನಾನು. ಒಂದು ದಿನವೂ ತಪ್ಪಿಸಿದವಳಲ್ಲ.

“ಅತ್ತೆಗೆ ಏನಿಷ್ಟ ಅಂತ ನಂಗೊತ್ತು ಕಣಮ್ಮಿ. ನೀನು ಸುಮ್ಕಿರು.”

“ಏನಿಷ್ಟ ಅಕ್ಕ?” ಅಂತ ಕೇಳಿದಳು. ಕೊಂಕು ಇರಲಿಲ್ಲ, ತಿಳಿದುಕೊಳ್ಳಲು ಕೇಳಿದಂತೆಯೇ ಇತ್ತು. ನಾನು ಹಸು ಬಿಚ್ಚಿಕೊಂಡಿದೆ ಅಂತ ಸುಳ್ಳು ಹೇಳಿ ಫೋನಿಟ್ಟೆ.

ಆಮೇಲೆ ಹೊಗೆಸೊಪ್ಪು ಪೋಣಿಸುತ್ತ ಅದನ್ನೇ ಯೋಚಿಸಿದೆ. ಮಾವನ ಎಲೆಯ ವಿಷಯದಲ್ಲಿ ಈ ತೊಂದರೆ ಯಾವತ್ತೂ ಇರಲಿಲ್ಲ. ಲಿವರ್ ಹುರಿದದ್ದು, ತಲೆ ಮಾಂಸ, ನಲ್ಲಿ ಮೂಳೆ, ಒಂದು ಕ್ವಾರ್ಟರ್ ಬ್ರಾಂದಿ, ಒಂದು ಕಟ್ಟು ಬೀಡಿ. ಬೀಡಿ ಬೇರೆ ಯಾವುದೋ ತಂದರೆ ಅಪ್ಪ ಮುಟ್ಟಲ್ಲ ಎಂದು ನನ್ನ ಗಂಡ ಅದೇ ಬೀಡಿಗಾಗಿ ಪಿರಿಯಾಪಟ್ಟಣದವರೆಗೂ ಹೋಗಿಬಂದ ಮನುಷ್ಯ. ಆದರೆ ಅತ್ತೆ? ಅತ್ತೆ ಏನು ತಿನ್ನುತ್ತಿದ್ದರು? ಎಲ್ಲರದೂ ಆದ ಮೇಲೆ ಪಾತ್ರೆಯಲ್ಲಿ ಏನಿರುತ್ತಿತ್ತೋ ಅದನ್ನು ತಿನ್ನುತ್ತಿದ್ದರು. ಅದನ್ನು ಇಷ್ಟ ಅನ್ನಲಾಗುವುದಿಲ್ಲ. ಎಲೆ ಅಡಿಕೆ ಹಾಕುತ್ತಿದ್ದರು, ಅದನ್ನು ಊರಿಗೆ ಊರೇ ಹಾಕುತ್ತದೆ.

ಸಂಜೆ ಗಂಡನನ್ನು ಕೇಳಿದೆ, “ಅತ್ತೆ ಎಡೆಗೆ ಏನ್ ಮಾಡನ? ಅವ್ರಿಗೆ ಏನಿಷ್ಟ ಇತ್ತು?”

“ಅವ್ವ ಎಲ್ಲಾನೂ ತಿಂತಿತ್ತು ಬುಡು” ಅಂದರು.

ಮೈದುನನಿಗೆ ಫೋನು ಮಾಡಿ ಕೇಳಿದೆ. ಅವನು “ಅವ್ವಂಗೆ ಇಂಥದ್ದೇ ಬೇಕು ಅಂತ ಏನಿರ್ಲಿಲ್ಲ ಅತ್ಗೆ, ಪಾಪ” ಅಂದ. ಆ ಪಾಪ ಅನ್ನುವ ಮಾತನ್ನು ಕೇಳಿ ನನಗೆ ಮೈಯೆಲ್ಲ ಉರಿಯಿತು. ಒಂದೇ ಹೊಟ್ಟೆಯಲ್ಲಿ ಹುಟ್ಟಿದ ಇಬ್ಬರು ಗಂಡು ಮಕ್ಕಳು, ಅಪ್ಪನ ಬೀಡಿ ಕಟ್ಟಿನ ಬಣ್ಣ ನಿದ್ದೆಯಲ್ಲಿ ಕೇಳಿದರೂ ಹೇಳುತ್ತಾರೆ. ಹೆತ್ತವಳ ಎಲೆಗೆ ಏನು ಬಡಿಸಬೇಕೆಂದರೆ ಪಾಪ ಅನ್ನುತ್ತಾರೆ. ಇವರಿಗಿಂತ ನಾನೇನು ಹೆಚ್ಚು ಎಂದು ಕೇಳಿಕೊಳ್ಳುವ ತಾಳ್ಮೆ ಅವತ್ತು ನನಗಿರಲಿಲ್ಲ. ಸಿಟ್ಟೆಲ್ಲ ತಿರುಗಿ ಪಪ್ಸಿನ ಮೇಲೆಯೇ ಹೋಯಿತು.

ಮರುದಿನ ನಾನೇ ಫೋನು ಮಾಡಿ, ತರುವುದಾದರೆ ತರಲಿ ಎಂದು ಒಪ್ಪಿ, ಶರತ್ತು ಹಾಕಿದೆ. ಎಡೆಗೆ ಇಡುವುದನ್ನು ಹಿರಿಯರು ಬಾಳಿದ ಈ ಮನೆಯಲ್ಲೇ ಮಾಡಬೇಕು. ತಲೆಗೆ ನೀರು ಹಾಕಿಕೊಂಡು ಮಾಡಬೇಕು. ರುಚಿ ನೋಡುವ ಹಾಗಿಲ್ಲ, ಬಾಯಿಗೆ ಹಾಕಿದರೆ ಎಂಜಲು. ಇಷ್ಟು ಹೇಳಿದರೆ ಕೈಬಿಡುತ್ತಾಳೆ ಅಂದುಕೊಂಡಿದ್ದೆ. “ಆಯ್ತು ಅಕ್ಕ” ಅಂದುಬಿಟ್ಟಳು.

ಹಬ್ಬದ ದಿನ ಬೆಳಿಗ್ಗೆ ಕಾರು ಬಂದು ನಿಂತಾಗ ಅವಳ ತೊಡೆಯ ಮೇಲೆ ಓವನ್ನಿತ್ತು. ಹುಣಸೂರಿನಿಂದ ಬೆಟ್ಟದಪುರದವರೆಗೆ ಎಳೆಗೂಸನ್ನು ತರುವಂತೆ ಅದನ್ನು ತಬ್ಬಿಕೊಂಡು ಬಂದಿದ್ದಾಳೆ. ಹಿಟ್ಟಿನ ಹಾಳೆಗಳ ಡಬ್ಬ ಮಾತ್ರ ಹಿಂದಿನ ಸೀಟಿನಲ್ಲಿ ಬಿಸಿಲಿಗೆ ಬಿದ್ದಿತ್ತು. ಬಿಡಿಸಿ ನೋಡಿದರೆ ಹಾಳೆಗಳೆಲ್ಲ ಒಂದಕ್ಕೊಂದು ಅಂಟಿಕೊಂಡು ಮುದ್ದೆಯಾಗಿದ್ದವು. ಮುದ್ದೆ ಮಾಡುವುದು ನಮಗೆ ಗೊತ್ತಿಲ್ಲದ ವಿದ್ಯೆಯೇನಲ್ಲ, ಅದಕ್ಕೆ ಹುಣಸೂರಿನ ಅಂಗಡಿಯಿಂದ ತರಬೇಕಾಗಿರಲಿಲ್ಲ ಅಂದೆ. ಅವಳು ನಕ್ಕು, ಮೈದಾ ಉದುರಿಸಿ, ಚಾಕುವಿನ ತುದಿಯಿಂದ ಒಂದೊಂದನ್ನೇ ಬಿಡಿಸುತ್ತ ಕೂತಳು. ಅರ್ಧ ಹರಿದವು.

ಓವನ್ನಿನ ಪ್ಲಗ್ ಹಾಕಿದಳು. ನಮ್ಮೂರಿನ ಕರೆಂಟಿನ ಯೋಗ್ಯತೆ ಅವಳಿಗೆ ಮರೆತುಹೋಗಿತ್ತು. ಕೆಂಪು ದೀಪ ಹತ್ತಿತು, ಫ್ಯಾನು ತೂಕಡಿಸಿತು, ಆಮೇಲೆ ಎರಡೂ ಆರಿದವು. ನಾನು ಬಾಡಿನ ಸಾರಿನ ಮುಂದೆ ಕೂತು ಇದನ್ನೆಲ್ಲ ಸಂತೋಷವಾಗಿ ನೋಡುತ್ತಿದ್ದೆ. ಅವಳು ಎದ್ದು ನನ್ನ ದೊಡ್ಡ ಕುಕ್ಕರ್ ತೆಗೆದುಕೊಂಡು, ರಬ್ಬರು, ಸೀಟಿ ಎರಡನ್ನೂ ಕಿತ್ತಿಟ್ಟು, ತಳಕ್ಕೆ ಒಂದು ಸೇರು ಕಲ್ಲುಪ್ಪು ಸುರಿದು ಒಲೆಯ ಮೇಲಿಟ್ಟಳು. ಉಪ್ಪು ಕಾದರೆ ಅದೇ ಓವನ್ನಂತೆ. ಫೋನಿನಲ್ಲಿ ಯಾರೋ ತೋರಿಸಿದ್ದಾರಂತೆ. ನಾನು ಹಬ್ಬಕ್ಕೆ ತರಿಸಿದ ಉಪ್ಪದು.

ಕೈಮಾ ಹುರಿದದ್ದು ಮಾತ್ರ ಚೆನ್ನಾಗಿಯೇ ಹುರಿದಳು. ಈರುಳ್ಳಿ, ಹಸಿಮೆಣಸು, ಕಾಳುಮೆಣಸಿನ ಪುಡಿ, ಕೊತ್ತಂಬರಿ. ಹದವಾಗಿ ಉಪ್ಪು ಹಾಕಿದಳು. ಚೀಸಿನಲ್ಲೇ ಉಪ್ಪಿರುತ್ತದೆ ಎಂಬುದು ಅವಸರದಲ್ಲಿ ಅವಳಿಗೆ ಹೊಳೆಯಲಿಲ್ಲ, ನನಗೆ ಗೊತ್ತಿರಲಿಲ್ಲ, ರುಚಿ ನೋಡಬಾರದೆಂದು ನಾನೇ ಕಟ್ಟು ಮಾಡಿದ್ದೆ. ಆರಿದ ಮೇಲೆ ಹಾಳೆಗೆ ತುಂಬಿ ಮಡಚಿ, ಫೋರ್ಕಿನಿಂದ ಅಂಚು ಒತ್ತತೊಡಗಿದಳು.

“ಈ ಕೆಲ್ಸ ಅತ್ತೇದು” ಅಂದಳು. “ಮಕ್ಕಳ ಟಿಫನ್ನಿಗೆ ಮಾಡೋವಾಗ ಪಕ್ಕದಲ್ಲಿ ಕೂತ್ಕೊಂಡು, ಕೊಡವ್ವ ನಾನೊತ್ತೀನಿ ಅಂತಿದ್ರು. ಒಂದಿನ ಬೆಂದ ಮೇಲೆ, ನಂಗೂ ಒಂದು ಕೊಡವ್ವ ಅಂತ ಕೇಳಿದ್ರು. ಆಮೇಲೆ ಮಾಡಿದಾಗೆಲ್ಲ ಕೇಳಿ ಇಸ್ಕೊಂಡು ತಿಂತಿದ್ರು.”

“ಬಿ.ಪಿ. ಇರೋರಿಗೆ ಇದನ್ನ ತಿನ್ಸಿದ್ಯಲ್ಲ, ನಾಚ್ಕೆ ಆಗಲ್ವಾ ನಿಂಗೆ?” ಅಂದೆ.

“ವಾರಕ್ಕೊಂದು ಅಕ್ಕ. ಕೇಳಿದ್ರೆ ಇಲ್ಲ ಅನ್ನಕಾಯ್ತದಾ?”

ಇನ್ನೂ ಬೈಯಬೇಕೆಂದಿದ್ದೆ. ಬೈಗುಳಕ್ಕಿಂತ ಮೊದಲು ‘ಕೇಳಿ ಇಸ್ಕೊಂಡು’ ಎಂಬ ಮಾತು ಒಳಗೆ ನಾಟಿತ್ತು. ನನ್ನ ಕೈಯಿಂದ ಅತ್ತೆ ಏನನ್ನೂ ಕೇಳಿ ತೆಗೆದುಕೊಂಡದ್ದು ನನಗೆ ನೆನಪಿಲ್ಲ. ಕೊಟ್ಟದ್ದನ್ನು ತಿಂದರು, ಸಾಕು ಅಂದರು, ಎದ್ದು ತಟ್ಟೆ ತೊಳೆದರು. ಅದನ್ನು ನಾನು ತೃಪ್ತಿ ಅಂದುಕೊಂಡಿದ್ದೆ. ಹೊಟ್ಟೆಕಿಚ್ಚೇ ಆಯಿತು ನನಗೆ, ಅಂಗಡಿ ಹಿಟ್ಟಿನ ಪಪ್ಸಿನ ಮೇಲೆ.

ಎಲೆ ಹಾಕಿದೆವು. ಮಾವನ ಎಲೆಗೆ ಜಾಗ ಸಾಲದೆ ಬ್ರಾಂದಿ ಪಕ್ಕದಲ್ಲಿ ನಿಂತಿತು. ಅತ್ತೆಯ ಎಲೆಯ ಮೇಲೆ ಅನ್ನ, ಮುದ್ದೆ, ಎಲ್ಲರಿಗೂ ಬಡಿಸಿದ ಬಾಡಿನ ಸಾರು ಇತ್ತು. ಅವರದೇ ಅನ್ನುವಂಥದ್ದು ಆ ಮೂರು ಪಪ್ಸು ಮಾತ್ರ. ತಳ ಕರ್ರಗೆ, ನೆತ್ತಿ ಬೆಳ್ಳಗೆ. ಒಂದರ ಪಕ್ಕೆ ಒಡೆದು ಚೀಸ್ ಸುರಿದಿತ್ತು. ಧೂಪ ಹಾಕಿ, ಬಾಗಿಲು ಮುಚ್ಚಿ ಹೊರಗೆ ಬಂದೆವು.

ಜಗುಲಿಯಲ್ಲಿ ಯಾರೂ ಮಾತಾಡುವುದಿಲ್ಲ, ಅದು ನಿಯಮ. ಆದರೂ ನಾನು ಗಂಡನ ಪಕ್ಕಕ್ಕೆ ಸರಿದು ಮೆಲ್ಲಗೆ ಕೇಳಿದೆ.

“ನಾಳೆ ನಾನು ಹೋದ್ರೆ ನನ್ನ ಎಲೆಗೆ ಏನಿಕ್ತೀರಿ?”

“ಹಬ್ಬದ ದಿನ ಇದೆಂಥಾ ಮಾತು?”

“ಹೇಳಿ ಅಂದೆ.”

ಅವರು ಬೆಟ್ಟದ ಕಡೆ ನೋಡಿದರು. ಕೊಟ್ಟಿಗೆಯ ಕಡೆ ನೋಡಿದರು. ತಮ್ಮನ ಮುಖ ನೋಡಿದರು, ಅಲ್ಲೇನೂ ಸಿಗಲಿಲ್ಲ. “ನೀನು ಎಲ್ಲಾನೂ ತಿಂತೀಯ, ಬುಡು” ಅಂದರು.

ಎದ್ದು ಹೋಗಬೇಕು ಅನ್ನಿಸಿತು. ಹಬ್ಬದ ದಿನ ಜಗುಲಿಯಲ್ಲಿ ಗಂಡನ ಮುಂದೆ ಅಳುವವಳು ನಾನಲ್ಲ, ಅದಕ್ಕೆ ಹಲ್ಲು ಕಚ್ಚಿ ಕೂತೆ.

“ಅಕ್ಕಂಗೆ ಮೊಮೊ ಇಷ್ಟ” ಅಂದಳು ಹಿಂದಿನಿಂದ ನನ್ನ ವಾರಗಿತ್ತಿ. “ಕೊಪ್ಪದ್ದು. ಕೆಂಪು ಚಟ್ನಿ ಜಾಸ್ತಿ ಹಾಕಿಸ್ಕೊಂಡು.”

ನನಗೆ ನೆಲ ಬಾಯಿಬಿಡಬಾರದೇ ಅನ್ನಿಸಿತು. ನಮಗೆ ಹತ್ತಿರದ ಪೇಟೆ ಕೊಪ್ಪಕ್ಕೆ ಸಾಮಾನು ತರಲು ಹೋದಾಗಲೆಲ್ಲ, ಬಸ್ ನಿಲ್ಲುವ ಕಡೆಯ ಸಣ್ಣ ಅಂಗಡಿಯಲ್ಲಿ ಒಂದು ತಟ್ಟೆ ಮೊಮೊ ತಿಂದೇ ಬರುತ್ತೇನೆ. ಮೈದಾ ಹಿಟ್ಟಿನೊಳಗೆ ಕೊಚ್ಚಿದ ಬಾಡು ತುಂಬಿ ಹಬೆಯಲ್ಲಿ ಬೇಯಿಸುತ್ತಾರೆ. ಇದು ಯಾರಿಗೂ ಗೊತ್ತಿಲ್ಲ ಅಂದುಕೊಂಡಿದ್ದೆ.

“ನಿಂಗ್ಯಾರು ಹೇಳಿದ್ದು?”

“ನೋಡಿದ್ದೆ ಅಕ್ಕ. ನೀವು ಗೋಡೆ ಕಡೆ ಮುಖ ಮಾಡ್ಕೊಂಡು ತಿಂತಿದ್ರಿ. ನಾನು ಬಸ್ಸಲ್ಲಿದ್ದೆ. ಇಳಿದು ಮಾತಾಡ್ಸನ ಅಂದ್ಕೊಂಡೆ, ನಿಮಗೆ ನಾಚ್ಕೆ ಆಯ್ತದೆ ಅಂತ ಸುಮ್ನಾದೆ.”

“ಮೊಮೊ ಅಂದ್ರೇನು?” ಅಂತ ನನ್ನ ಗಂಡ ತಮ್ಮನನ್ನು ಕೇಳಿದರು.

ಹೊತ್ತಾದ ಮೇಲೆ ಕೆಮ್ಮಿ, ಬಾಗಿಲು ತಟ್ಟಿ, ಒಳಗೆ ಹೋದೆವು. ನಮ್ಮ ಮನೆಯಲ್ಲಿ ಅತ್ತೆಯಾದವಳ ಎಲೆಯನ್ನು ಸೊಸೆಯರೇ ಉಣ್ಣಬೇಕು. ಗಂಡಸರು ಬ್ರಾಂದಿಯ ಕಡೆ ಹೋದರು. ನಾವಿಬ್ಬರೂ ಅತ್ತೆಯ ಎಲೆಯ ಆಚೆ ಈಚೆ ಕೂತೆವು. ನಾನೊಂದು ಪಪ್ಸು ತೆಗೆದುಕೊಂಡೆ, ಅವಳೊಂದು ತೆಗೆದುಕೊಂಡಳು.

ಉಪ್ಪೋ ಉಪ್ಪು. ತಳ ಕಹಿ, ಮೇಲೆ ಹಸಿ ಹಿಟ್ಟು, ಚೀಸ್ ಹಲ್ಲಿಗೆ ಮೆತ್ತಿಕೊಂಡಿತು. ಇಷ್ಟನ್ನೂ ಅವಳ ಮುಖಕ್ಕೇ ಹೇಳಿದೆ. ಹೇಳದೆ ಬಿಡುವ ಸ್ವಭಾವ ನನ್ನದಲ್ಲ. ಅವಳೂ ಮುಖ ಕಿವುಚಿಕೊಂಡೇ ಅಗಿಯುತ್ತಿದ್ದಳು.

“ಬರೋ ವರ್ಷ ಕೈಮಾಗೆ ಉಪ್ಪು ಕಮ್ಮಿ ಹಾಕು” ಅಂದೆ.

“ಅಯ್ಯೋ, ಅತ್ತೆ ಇದಕ್ಕೂ ಮೇಲೆ ಉಪ್ಪು ಉದುರಿಸ್ಕೊಂಡು ತಿಂತಿದ್ರು ಅಕ್ಕ” ಅಂದಳು. “ನಾಲ್ಗೆ ಸತ್ತೋಗಿತ್ತು ಕಣವ್ವ, ಈಗ ಜೀವ ಬಂತು ಅಂತಿದ್ರು.”

ಸಾರಿಗೆ ಉಪ್ಪು ಬೀಳುವ ಮೊದಲೇ ಬೇರೆ ತೆಗೆದಿಡುತ್ತಿದ್ದ ಆ ಸಣ್ಣ ಪಾತ್ರೆ ಅಲ್ಲೇ ಗೂಡಿನಲ್ಲಿತ್ತು. ನಾನು ಅದರ ಕಡೆ ನೋಡಲಿಲ್ಲ. ಎಲೆಯ ಮೇಲೆ ಉಳಿದಿದ್ದ ಮೂರನೆಯ ಪಪ್ಸನ್ನು ಮುರಿದು, ಅರ್ಧ ಅವಳಿಗೆ ಕೊಟ್ಟು, ಅರ್ಧ ನಾನು ತಿಂದೆ.