ಗೆಣಸಿನೊಳಗಿನ ಹುಳಿ

ಪಿರಿಯಾಪಟ್ಟಣದ ಸುತ್ತಮುತ್ತ ಮದುವೆ ನಿಶ್ಚಯವಾದರೆ ಛತ್ರಕ್ಕಿಂತ ಮೊದಲು ಅಣ್ಣಯ್ಯನನ್ನು ಗೊತ್ತು ಮಾಡುತ್ತಿದ್ದರು. ರಾಗಿ ಹೊಲ ಇತ್ತು, ಆದರೆ ಅವನ ಆಯಸ್ಸೆಲ್ಲ ಕಳೆದದ್ದು ಒಲೆಯ ಮುಂದೆಯೇ. ಕೊಪ್ಪರಿಗೆಯ ಮುಚ್ಚಳ ಸರಿಸಿ ಹಬೆಯನ್ನು ಒಮ್ಮೆ ಎಳೆದುಕೊಂಡರೆ ಸಾಕು, "ದನಿಯ ಸೀದೈತೆ ಕಣ್ರಲಾ" ಎಂದು ಹೇಳಿಬಿಡುತ್ತಿದ್ದ. ಬಾಯಿಗೆ ಹಾಕಿ ನೋಡುವ ಅಭ್ಯಾಸವೇ ಅವನಿಗಿರಲಿಲ್ಲ.

ಹೋದ ಮಳೆಗಾಲದಲ್ಲಿ ಕೊಪ್ಪದ ರಸ್ತೆಯಲ್ಲಿ ಮೊಪೆಡ್ ಜಾರಿ ತಲೆಗೆ ಏಟು ಬಿತ್ತು. ಗಾಯ ಒಣಗಿತು, ತಲೆನೋವೂ ಹೋಯಿತು, ವಾಸನೆ ಮಾತ್ರ ತಿರುಗಿ ಬರಲಿಲ್ಲ. "ಮೂಗಿನ ನರಕ್ಕೆ ಪೆಟ್ಟಾಗಿದೆ. ಬಂದರೂ ಬರಬಹುದು, ಬರದೆಯೂ ಇರಬಹುದು" ಎಂದರು ಮೈಸೂರಿನ ಡಾಕ್ಟರು. ಉಪ್ಪು, ಹುಳಿ, ಸಿಹಿ ನಾಲಿಗೆಗೆ ತಿಳಿಯುತ್ತಿತ್ತು, ಮಿಕ್ಕಿದ್ದೆಲ್ಲ ಸಪ್ಪೆ. ಹೆಂಡತಿ ಸಿದ್ದಲಿಂಗಮ್ಮನಿಗೆ ಬಿಟ್ಟರೆ ಅವನು ಯಾರಿಗೂ ಹೇಳಲಿಲ್ಲ. ಅಡುಗೆಗೆ ಕರೆಯಲು ಬಂದವರಿಗೆಲ್ಲ ಮಂಡಿನೋವು ಎಂದು ಹೇಳಿ ಕಳಿಸುತ್ತಿದ್ದ.

ತೀರಿಕೊಂಡ ತಮ್ಮನ ಮಗಳು ರೂಪಶ್ರೀ ಕರೆಯಲು ಬಂದಾಗ ಮಂಡಿನೋವಿನ ನೆಪ ಹೇಳಲು ಮನಸ್ಸು ಬರಲಿಲ್ಲ. ಅವಳು ಕೊಪ್ಪದಲ್ಲಿ ಸಣ್ಣದೊಂದು ಕೆಫೆ ಇಟ್ಟಿದ್ದಳು. ಪಕ್ಕದ ಬೈಲಕುಪ್ಪೆಯಲ್ಲಿ ಟಿಬೆಟಿನವರ ಗುಡಿ ನೋಡಲು ಬಂದವರು ಅಲ್ಲಿ ಮೋಮೋ ತಿಂದು ಹೋಗುತ್ತಿದ್ದರು. ತನ್ನದೇ ಅನ್ನುವಂಥದ್ದು ಒಂದು ಮಾಡಬೇಕೆಂಬ ಆಸೆ ಅವಳಿಗೆ. ಗೆಣಸನ್ನು ಇಡಿಯಾಗಿ ಸುಟ್ಟು, ಸೀಳಿ, ತೆಂಗಿನಕಾಯಿ ಮಸಾಲೆಯಲ್ಲಿ ಬೆಂದ ಹಿತಕಿದ ಅವರೆಬೇಳೆಯನ್ನೂ ಅನಾನಸ್ ಹೋಳನ್ನೂ ತುಂಬಿ, ಮೇಲೆ ಟಿಬೆಟಿನವರ ಕೆಂಪು ಖಾರ ಹಾಕುವುದು.

"ಮಡಿಕೇರಿಯ ಹೋಮ್‌ಸ್ಟೇಯೋರು ತಿಂದು ನೋಡಕ್ಕೆ ಬತ್ತಾವ್ರೆ ದೊಡ್ಡಪ್ಪ. ಒಪ್ಪಿದ್ರೆ ಅವರ ಊಟಕ್ಕೆಲ್ಲ ನಂದೇ ಅಡುಗೆ. ನೀನು ಪಕ್ಕದಲ್ಲಿದ್ರೆ ನಂಗೆ ಧೈರ್ಯ."

"ಗೆಣಸಿಗೆ ಅನಾನಸ್ಸಾ?" ಎಂದು ನಕ್ಕ ಅಣ್ಣಯ್ಯ. "ಬತ್ತೀನಿ ಬುಡವ್ವ."

"ಯಾಕೆ ಒಪ್ಕಂಡ್ರಿ?" ಎಂದಳು ಸಿದ್ದಲಿಂಗಮ್ಮ, ರೂಪಶ್ರೀ ಹೋದ ಮೇಲೆ. ಅವನು ಟವೆಲ್ಲು ಹೆಗಲಿಗೆ ಹಾಕಿಕೊಂಡು ಹೊಲದ ಕಡೆ ನಡೆದ.

ಹೋಮ್‌ಸ್ಟೇಯವರು ಬರುವ ದಿನ ಅವನು ಕೆಫೆಗೆ ಹೋಗುವಷ್ಟರಲ್ಲಿ ರೂಪಶ್ರೀ ಗೆಣಸು ಸುಡಲು ಇಟ್ಟಿದ್ದಳು. ಬೇಳೆಯನ್ನು ಹಿಂದಿನ ಸಂಜೆಯೇ ಬೇಯಿಸಿ, ಬಿಸಿ ಆರುವ ಮೊದಲೇ ಮುಚ್ಚಿ, ಒಲೆಯ ಪಕ್ಕದಲ್ಲೇ ಬಿಟ್ಟಿದ್ದಳು. ಬೆಳಿಗ್ಗೆ ಅದಕ್ಕೆ ಅನಾನಸ್ ಬೆರೆಸಿಯೂ ಆಗಿತ್ತು. ನೆಗಡಿಯಾಗಿ ಅವಳ ದನಿ ಕಟ್ಟಿತ್ತು.

"ನನ್ನ ಮೂಗು ಕಟ್ಕೊಂಡೈತೆ ದೊಡ್ಡಪ್ಪ. ಬೇಳೆ ಹೆಂಗೈತೆ ನೋಡಿ ತುಂಬ್ತಿರು. ಕೊತ್ತಂಬರಿ ತಂದುಬುಡ್ತೀನಿ" ಎಂದು ಅಂಗಡಿಬೀದಿಗೆ ಓಡಿದಳು.

ಅಣ್ಣಯ್ಯ ಮುಚ್ಚಳ ತೆಗೆದ. ಹಳೆಯ ಅಭ್ಯಾಸ, ಬಗ್ಗಿ ಉಸಿರೆಳೆದ. ಏನೂ ಇಲ್ಲ. ಇನ್ನೊಮ್ಮೆ ಎಳೆದ. ಬರೀ ಗಾಳಿ. ಒಂದು ಚಮಚ ಬಾಯಿಗೆ ಹಾಕಿಕೊಂಡ. ಹುಳಿ ಇತ್ತು. ಅದು ಅನಾನಸ್ಸಿನ ಹುಳಿಯೋ ಬೇಳೆ ಹಳಸಿದ ಹುಳಿಯೋ? ಮತ್ತೊಂದು ಚಮಚ ತಿಂದ. ಮೂವತ್ತು ವರ್ಷ ಊರಿಗೆ ಉಣಬಡಿಸಿದ ಅವನಿಗೆ ಗೊತ್ತಾಗಲಿಲ್ಲ. ಯಾರನ್ನಾದರೂ ಕೇಳೋಣವೆಂದು ಬಾಗಿಲ ತನಕ ಹೋದ. ಹೊರಗೆ ಅಷ್ಟರಲ್ಲೇ ಹೋಮ್‌ಸ್ಟೇಯವರ ಕಾರು ಬಂದು ನಿಂತಿತ್ತು. ರೂಪಶ್ರೀ ಓಡಿಬಂದಳು. "ಹೆಂಗೈತೆ ದೊಡ್ಡಪ್ಪ?"

"ಚೆನ್ನಾಗೈತೆ ಕಣವ್ವ" ಎಂದುಬಿಟ್ಟ.

ಬಂದವರು ಗಂಡ ಹೆಂಡತಿ. ತಟ್ಟೆ ಇಟ್ಟಾಗ ಆಕೆ "ನೋಡೋಕೆ ಎಷ್ಟು ಚೆಂದ ಇದೆ" ಎಂದು ಫೋಟೋ ತೆಗೆದರು. ಆಮೇಲೆ ಚಮಚ ಬಾಯಿಯ ಹತ್ತಿರ ಒಯ್ದವರು ಹಾಗೇ ಕೆಳಗಿಟ್ಟರು. ಗಂಡ ತಟ್ಟೆಗೆ ಬಗ್ಗಿ ಮೂಸಿ, ತಲೆಯೆತ್ತಿ ರೂಪಶ್ರೀಯನ್ನು ನೋಡಿದರು. "ಹಳಸಿದೆ ಅನ್ಸುತ್ತೆ ಕಣಮ್ಮ" ಎಂದರು ಮೆಲ್ಲಗೆ. ನೀರು ಕುಡಿದು, ಮತ್ತೊಮ್ಮೆ ಬರುತ್ತೇವೆಂದು ಎದ್ದರು. ಆ ಮತ್ತೊಮ್ಮೆ ಬರುವುದಿಲ್ಲವೆಂದು ಮೂವರಿಗೂ, ಅಡುಗೆಮನೆಯಲ್ಲಿ ನಿಂತವನಿಗೂ ತಿಳಿದಿತ್ತು.

ರೂಪಶ್ರೀ ಒಳಗೆ ಬಂದಳು. "ನಿಂಗೆ ವಾಸನೆ ಬರ್ಲಿಲ್ವಾ ದೊಡ್ಡಪ್ಪ?"

"ಇಲ್ಲ ಕಣವ್ವ. ಬಿದ್ದಾಗಿಂದ ಯಾವುದೂ ಬರಾಕಿಲ್ಲ."

ಅವಳು ಅಲ್ಲೇ ಅಕ್ಕಿ ಮೂಟೆಯ ಮೇಲೆ ಕುಳಿತಳು. "ಮೊದ್ಲೇ ಯೋಳ್ಬೋದಿತ್ತಲ್ಲ."

"ಯೋಳಿದ್ರೆ ಇನ್ನು ನನ್ನನ್ನ ಯಾರವ್ವ ಕರೀತಾರೆ?"

ಅವಳು ಅತ್ತಳು. ಬೈದಿದ್ದರೆ ಅವನಿಗೆ ಹಗುರವಾಗುತ್ತಿತ್ತೇನೋ. ಸೌಟು ಹಿಡಿದು ನಿಂತೇ ಇದ್ದ. ಆಮೇಲೆ ಪಾತ್ರೆಯನ್ನು ಹಿತ್ತಲಿಗೆ ಒಯ್ದು, ಬೇಳೆಯನ್ನೆಲ್ಲ ಗುಂಡಿಗೆ ಸುರಿದು, ಮಣ್ಣು ಎಳೆದು ಬಂದ.

ಅಣ್ಣಯ್ಯನಿಗೆ ವಾಸನೆ ತಿಳಿಯುವುದಿಲ್ಲವೆಂಬ ಸುದ್ದಿ ಹೇಗೋ ಹರಡಿತು, ಅವಳು ಹೇಳದಿದ್ದರೂ. ಅಡುಗೆಗೆ ಕರೆಯುವವರು ಬರುವುದು ನಿಂತಿತು. ಒಂದು ದಿನ ರೂಪಶ್ರೀ ಹೊಸದಾಗಿ ಮಾಡಿದ ಗೆಣಸನ್ನು ಡಬ್ಬಿಯಲ್ಲಿ ತಂದು ದೊಡ್ಡಪ್ಪನ ಮುಂದೆ ಇಟ್ಟಳು. ಅಲ್ಲೇ ಇದ್ದ ಸಿದ್ದಲಿಂಗಮ್ಮ ವಾಸನೆ ಹಿಡಿದು "ಘಮ್ ಅಂತೈತೆ ಕಣೆ" ಅಂದವಳು ಗಂಡನ ಕಡೆ ನೋಡಿ ನೀರು ತರಲು ಎದ್ದಳು. ಅವನು ನಿಧಾನವಾಗಿ ತಿಂದ. ಹುಡುಗಿ ಅವನ ಮುಖವನ್ನೇ ನೋಡುತ್ತಿದ್ದಳು.

"ಬಿಸಿಯಾಗೈತೆ ಕಣವ್ವ" ಎಂದ ಅಣ್ಣಯ್ಯ. "ಮೆತ್ತಗೈತೆ."