ಕೈ ಕಾಯ್ದ ಸಿಸ್ಟರ್

ಕಾವ್ಯಾ, ಬಸವರಾಜಾ, ಹೊಸಪೇಟೆಯ ಆಸ್ಪತ್ರೆಯಲ್ಲಿ ನಿಮ್ಮ ತಾತನಿಗೆ ಕ್ಯಾನ್ಸರಿನ ಔಷಧಿ ಏರಿಸುತ್ತಿದ್ದ ಒಬ್ಬ ಸಿಸ್ಟರ್ ಬಗ್ಗೆ ನಿಮ್ಮ ಅಜ್ಜಿ ನಾನು ಬರೆಯುತ್ತಿದ್ದೇನೆ. ಅವರ ಹೆಸರು ಕೇಳಲು ನನಗೆ ನಾಚಿಕೆಯಾಗಿತ್ತು.

ಆ ಔಷಧಿ ನರದೊಳಗೆ ಹೋದರೆ ಮದ್ದು, ಹೊರಗೆ ಸೋರಿದರೆ ಮಾಂಸವನ್ನೇ ಸುಡುತ್ತದೆ. ಅದಕ್ಕೇ ಅವರು ಮೊದಲು ಸೂಜಿಗೆ ರಕ್ತ ಬರುವುದನ್ನು ನೋಡಿ, ಸಲೈನ್ ಬಿಟ್ಟು ನೋಡಿ, ಆಮೇಲೆ ಔಷಧಿ ಬಿಡುತ್ತಿದ್ದರು. ಮುಗಿಯುವವರೆಗೂ ಪಕ್ಕದಿಂದ ಏಳುತ್ತಿರಲಿಲ್ಲ. ಚಳಿಯೆಂದು ನಾನು ತಾತನ ಕೈಗೆ ಟವೆಲ್ ಹೊದಿಸಿದರೆ ತೆಗೆದುಬಿಡುತ್ತಿದ್ದರು.

"ಕೈ ನನಗ ಕಾಣ್ಬೇಕ್ರಿ. ಉರಿದ್ರ ಹೇಳ್ರಿ, ತಡ್ಕೋಬ್ಯಾಡ್ರಿ."

ಗಣಿಯಲ್ಲಿ ದುಡಿದ ತಾತನಿಗೆ ನೋವು ಹೇಳಿಕೊಳ್ಳುವುದೆಂದರೆ ಅವಮಾನ. ಒಂದು ದಿನ "ಏನಿಲ್ಲ" ಎನ್ನುತ್ತಲೇ ಕಾಲ್ಬೆರಳು ಬಿಗಿಯಾಗಿ ಮಡಚಿಕೊಂಡರು. ನೋವು ನುಂಗುವಾಗ ಅವರು ಹಾಗೆ ಮಾಡುವುದು ನನಗೆ ಗೊತ್ತಿತ್ತು. ಪರರೆದುರು ಬಾಯಿ ಬಿಟ್ಟವಳಲ್ಲ ನಾನು. ಆದರೂ ಅಂದೆ: "ಸಿಸ್ಟರ್, ಅವ್ರಿಗೆ ಉರಿಯಾಕ ಹತ್ತೈತ್ರಿ."

ಸಿಸ್ಟರ್ ಕೂಡಲೇ ಔಷಧಿ ನಿಲ್ಲಿಸಿದರು. ಸೂಜಿ ಕೀಳದೆ, ಒಳಗಿದ್ದಷ್ಟನ್ನು ಸಿರಿಂಜಿನಿಂದ ಹಿಂದಕ್ಕೆಳೆದರು. ಊತ ಹರಡಿದರೆ ತಿಳಿಯಲೆಂದು ಊದಿದ ಜಾಗದ ಸುತ್ತ ಪೆನ್ನಿನಲ್ಲಿ ಗೆರೆ ಎಳೆದು ಡಾಕ್ಟರನ್ನು ಕರೆಸಿದರು.

"ಯಶವಂತನಗರದ ಬಸ್ ಹೋಗ್ತೈತವ್ವಾ, ಜಲ್ದಿ ಮುಗಿಸು," ಎಂದರು ತಾತ.

"ಬಸ್ ನಾಳೇನೂ ಬರ್ತೈತ್ರಿ ತಾತ. ಕೈ ಹೋದ್ರ ಯಾವ ಸ್ಟ್ಯಾಂಡಿನ್ಯಾಗ ಕಾಯ್ತೀರಿ?"

ತಾತ ನಕ್ಕರು. ಆಮೇಲೆ ಮೆಲ್ಲಗೆ, "ಭಾಳ ಉರಿತೈತಿ," ಎಂದರು. ಅವರ ಬಾಯಲ್ಲಿ ಆ ಮಾತು ನಾನು ಕೇಳಿದ್ದು ಅದೇ ಮೊದಲು.

ಕೈ ಉಳಿಯಿತು. ಅದೇ ಕೈಯಿಂದ ನಿಮ್ಮಿಬ್ಬರಿಗೂ ತುತ್ತು ಕೊಟ್ಟರು. ಮುಂದೊಂದು ದಿನ ಸುಮ್ಮನೆ ಸಹಿಸುವವರ ಪರವಾಗಿ ನೀವೂ ಮಾತಾಡಬೇಕಾದೀತು. ಈ ಹಾಳೆಗಳನ್ನು ಜೋಪಾನವಾಗಿ ಇಟ್ಟುಕೊಳ್ಳಿ.