ಭೀಮಶಾ ಅವರಿಗೊಂದು ದೇಶ

ಆ ಸಂಜೆ ಗಾಡಿಯ ಕಿಟಕಿ ತೆರೆದಿತ್ತೋ ಮುಚ್ಚಿತ್ತೋ, ನನಗೆ ಖಚಿತವಿಲ್ಲ. ಗಾಳಿಗೆ ನನ್ನ ಕೂದಲು ಹಾರುತ್ತಿದ್ದ ನೆನಪು ನನಗೆ ಸ್ಪಷ್ಟವಾಗಿದೆ; ಎದುರಿಗೆ ಕೂತಿದ್ದ ಶಾಂತಾಬಾಯಿಯವರು ಮಾತ್ರ, ಧೂಳು ಬರುತ್ತದೆಂದು ಕಿಟಕಿಯನ್ನು ತಾವೇ ಇಳಿಸಿದ್ದಾಗಿ ಹೇಳುತ್ತಾರೆ. ಹಾರುವುದಕ್ಕೆ ನನ್ನ ತಲೆಯ ಮೇಲೆ ಕೂದಲು ಎಲ್ಲಿತ್ತು ಎಂಬ ಅನಗತ್ಯ ಪ್ರಶ್ನೆಯನ್ನೂ ಎತ್ತುತ್ತಾರೆ. ಊರವರ ಸಾಕ್ಷ್ಯವನ್ನೆಲ್ಲ ಸಂಶಯದಿಂದ ನೋಡಬೇಕೆಂದು ವಿಶ್ವವಿದ್ಯಾಲಯ ನನಗೆ ಎರಡು ವರ್ಷ ಕಲಿಸಿತು. ಸಂಶಯಿಸಬೇಕಾದವರ ಪಟ್ಟಿಯಲ್ಲಿ ನನ್ನ ಹೆಸರೂ ಇರಬೇಕೆಂದು ಕಲಿಸಲು ಮರೆಯಿತು. ಹೀಗಾಗಿ, ಓದುಗರೇ, ಮುಂದಿನದನ್ನು ನಂಬುವಾಗ ನನ್ನಷ್ಟೇ ಎಚ್ಚರ ನಿಮಗೂ ಇರಲಿ.

ನಾನು ಸೇಡಂನಲ್ಲಿ ಮನೆ ಮಾಡಿಕೊಂಡು ಶಹಾಬಾದಿನ ಕಾಲೇಜೊಂದರಲ್ಲಿ ಇತಿಹಾಸ ಹೇಳುವವನು. ಬೆಳಿಗ್ಗೆ ಹೋಗಿ ಸಂಜೆ ಅದೇ ಹಳಿಯ ಮೇಲೆ ಮರಳುವ ನಮ್ಮಂಥ ಪಾಸಿನವರದ್ದು ಒಂದು ಸಣ್ಣ ಪ್ರಪಂಚ. ಶಹಾಬಾದಿನಲ್ಲಿ ನನ್ನ ಜೊತೆ ಹತ್ತುವ ಖಾಜಾಮಿಯಾ ಅವರದು ಹಾಸುಗಲ್ಲಿನ ವ್ಯಾಪಾರ. ವಾಡಿಯಲ್ಲಿ ಹತ್ತುವ ಶಾಂತಾಬಾಯಿಯವರು ಆಸ್ಪತ್ರೆಯ ನರ್ಸು. ಚಿತ್ತಾಪುರದಲ್ಲಿ ಹತ್ತುವ ಭೀಮಶಾ ಅವರು ಭೂಮಾಪನ ಇಲಾಖೆಯವರು, ಸೇಡಂನಲ್ಲಿ ಇಳಿದು ಚಿಂಚೋಳಿಯ ಬಸ್ಸು ಹಿಡಿಯಬೇಕಾದವರು. ಚಿತ್ತಾಪುರ ಬಿಟ್ಟು ಸೇಡಂ ಬರುವವರೆಗಿನ ಅವಧಿಗೆ ನಮ್ಮಲ್ಲಿ ಒಂದು ಆಟವಿತ್ತು. ಎಲ್ಲರ ಮೊಬೈಲುಗಳೂ ಶಾಂತಾಬಾಯಿಯವರ ಊಟದ ಚೀಲದೊಳಕ್ಕೆ ಹೋಗಬೇಕು. ಒಬ್ಬರು ಯಾವುದಾದರೂ ಚಿಕ್ಕ ದೇಶದ ಬಗ್ಗೆ ಒಂದು ಸಂಗತಿ ಹೇಳಬೇಕು, ಉಳಿದವರು ಅದನ್ನು ಮುರಿಯಬೇಕು. ಸೇಡಂ ಬರುವವರೆಗೂ ಸಂಗತಿ ಮುರಿಯದೆ ನಿಂತರೆ ಆ ದೇಶ ಹೇಳಿದವರದು. ಅಂದಿನಿಂದ ಗಾಡಿಯಲ್ಲಿ ಅವರನ್ನು ಆ ಹೆಸರಿನಿಂದಲೇ ಕರೆಯಬೇಕು. ವಿವಾದ ಬಂದರೆ ತೀರ್ಪು ನನ್ನದು. ಈ ಪದವಿ ನನಗೆ ಪಾಂಡಿತ್ಯದಿಂದ ಬಂತೆಂದು ನಾನು ತಿಳಿದಿದ್ದೆ. ಬೇರೆ ಯಾರಿಗೂ ಅದು ಬೇಕಿರಲಿಲ್ಲವೆಂದು ಆಮೇಲೆ ತಿಳಿಯಿತು.

ಹೀಗೆ ಶಾಂತಾಬಾಯಿಯವರು ಲೆಸೋಥೊ ಆಗಿದ್ದರು. ಆ ದೇಶದ ನಾಲ್ಕೂ ದಿಕ್ಕಿಗೆ ಇರುವುದು ಒಂದೇ ದಕ್ಷಿಣ ಆಫ್ರಿಕಾ. ಎಡಕ್ಕೆ ಮೈದುನ, ಬಲಕ್ಕೆ ಭಾವ, ಹಿಂದೆ ಅತ್ತೆ, ಎದುರಿಗೆ ನಾದಿನಿ ಇರುವ ತಮ್ಮ ಮನೆಯ ನಕ್ಷೆಯೂ ಹಾಗೇ ಇದೆಯೆಂದು ಅವರು ಅದನ್ನು ಹಕ್ಕಿನಿಂದ ಕೇಳಿ ಪಡೆದಿದ್ದರು. ಖಾಜಾಮಿಯಾ ಅವರು ನೌರು. ರಂಜಕದ ಕಲ್ಲಿಗಾಗಿ ತನ್ನ ನೆಲವನ್ನು ತಾನೇ ಅಗೆದು ಮಾರಿದ ಆ ದ್ವೀಪದ ಕತೆ ಹೇಳುವಾಗ ಕಲ್ಲಿನ ಖಣಿಯ ಈ ಮನುಷ್ಯನ ದನಿ ತಗ್ಗಿತ್ತು. ನಾನು ಸ್ಯಾನ್ ಮರಿನೊ. ತಾನೇ ಅತ್ಯಂತ ಹಳೆಯ ಗಣರಾಜ್ಯವೆಂದು ಹೇಳಿಕೊಳ್ಳುವ, ಆದರೆ ಇಟಲಿಯ ಹೊಟ್ಟೆಯೊಳಗೆ ಕೂತಿರುವ ದೇಶ. ಹೋಲಿಕೆ ಎಷ್ಟರ ಮಟ್ಟಿಗೆ ಸರಿ ಎಂಬುದನ್ನು ನಾನು ವಿಚಾರಿಸಲು ಹೋಗಿಲ್ಲ.

ಭೀಮಶಾ ಅವರಿಗೆ ಮಾತ್ರ ದೇಶವಿರಲಿಲ್ಲ. ಹನ್ನೊಂದು ವರ್ಷ ಗಾಡಿಯಲ್ಲಿ ಬಂದರೂ ಅವರ ಒಂದು ಸಂಗತಿಯೂ ನಿಂತಿರಲಿಲ್ಲ. ಭೂತಾನದಲ್ಲಿ ವಿಮಾನ ಇಳಿಯುವುದಿಲ್ಲ ಎಂದರು, ಅಲ್ಲಿನ ಪಾರೊ ವಿಮಾನ ನಿಲ್ದಾಣ ಹೇಳಿ ಮುರಿದೆವು. ಕಿರಿಬಾಟಿಯನ್ನು ಕೆರಿಬಿಯನ್ ಸಮುದ್ರದಲ್ಲಿ ಇಟ್ಟರು, ಪೆಸಿಫಿಕ್‌ಗೆ ಎತ್ತಿ ಹಾಕಿದೆವು. “ದೇಶ ಇರಲಾರದವ್ರು ಬಂದ್ರು, ಜಾಗ ಬಿಡ್ರಿ” ಎಂದು ಖಾಜಾಮಿಯಾ ಕಾಲು ಸರಿಸುವುದು ನಿತ್ಯದ ಸ್ವಾಗತವಾಗಿತ್ತು. ಭೀಮಶಾ ಅವರೂ ನಗುತ್ತಿದ್ದರು. ಆದರೆ ಅವರು ನಿವೃತ್ತರಾದ ಆ ಸಂಜೆ, ಕಚೇರಿಯವರು ಹೊದಿಸಿದ ಶಾಲನ್ನು ಮಡಿಚಿ ಕಂಕುಳಲ್ಲಿ ಇಟ್ಟುಕೊಂಡು ಕೊನೆಯ ಸಲ ಗಾಡಿ ಹತ್ತಿದಾಗ, ಆ ನಗುವಿನ ಹಿಂದೆ ಇದ್ದ ಕೊರಗು ನಮಗೆ ಕಂಡಿತು.

“ಭೀಮಶಾ ಭಾಯಿ, ಇವತ್ತು ಏನಾರ ಅನ್ರಿ. ನಾವು ಬಾಯಿ ತೆಗಿಯಂಗಿಲ್ಲ,” ಎಂದರು ಖಾಜಾಮಿಯಾ.

“ಹಂಗ ಕೊಟ್ರ ನನಗ ಬ್ಯಾಡ,” ಎಂದರು ಭೀಮಶಾ. “ಶಾಲು ಹಂಗೇ ಕೊಟ್ಟಾರ, ತಗೊಂಡೀನಿ. ದೇಶ ಗೆದ್ದೇ ತಗೋತೀನಿ. ಲೆಸೋಥೊ ಅಕ್ಕೋರೆ, ಹಿಡೀರಿ ಮೊಬೈಲು.”

ಗಾಡಿ ಚಿತ್ತಾಪುರ ಬಿಟ್ಟಿತು. ಭೀಮಶಾ ಅವರು ಗಂಟಲು ಸರಿಮಾಡಿಕೊಂಡು, ಲಿಕ್ಟನ್‌ಸ್ಟೈನ್ ಎಂಬ ಆ ಕಷ್ಟದ ಹೆಸರನ್ನು ಮನೆಯಲ್ಲಿ ಅಭ್ಯಾಸ ಮಾಡಿ ಬಂದವರಂತೆ ಉಚ್ಚರಿಸಿ, ತಮ್ಮ ಸಂಗತಿಯನ್ನು ಇಟ್ಟರು: “ಅಲ್ಲಿಂದ ಯಾವ ದಿಕ್ಕಿಗೆ ಹೊಂಟ್ರೂ ಎರಡು ದೇಶ ದಾಟಲಾರದೇ ಸಮುದ್ರ ಸಿಗಂಗಿಲ್ಲ. ಅದಕ್ಕೂ ಸಮುದ್ರಿಲ್ಲ, ಅದರ ಬಾಜೂಕಿನ ಸ್ವಿಟ್ಜರ್‌ಲ್ಯಾಂಡಿಗೂ ಇಲ್ಲ, ಆಸ್ಟ್ರಿಯಾಕ್ಕೂ ಇಲ್ಲ.”

ಖಾಜಾಮಿಯಾ ಬಾಯಿ ತೆರೆಯಲಿಲ್ಲ. ಶಾಂತಾಬಾಯಿ ಬಾಯಿ ತೆರೆಯಲಿಲ್ಲ. ಸುಮ್ಮನಿರಬೇಕಾದ ಮೂರನೆಯವನು ನಾನು. ಸತ್ಯಕ್ಕಾಗಿ ಬದುಕುವವರಿಗೆ ಸುಮ್ಮನಿರುವ ಸುಖ ಎಲ್ಲಿಯದು? ಆಸ್ಟ್ರಿಯಾ ಎಂದೊಡನೆ ನನ್ನ ಕಣ್ಣಮುಂದೆ ಎಂ.ಎ. ತರಗತಿಯ ಗೋಡೆಯ ನಕ್ಷೆ ಬಿಚ್ಚಿಕೊಂಡಿತು. ಅದರಲ್ಲಿ ತಿಳಿ ಹಳದಿಯ ಆಸ್ಟ್ರಿಯಾ ದಕ್ಷಿಣಕ್ಕೆ ಕಾಲು ಚಾಚಿ ಏಡ್ರಿಯಾಟಿಕ್ ಸಮುದ್ರದಲ್ಲಿ ಬೆರಳು ಅದ್ದಿತ್ತು. ಬೆರಳ ತುದಿಯಲ್ಲಿ ಟ್ರಿಯೆಸ್ಟ್ ಎಂಬ ಬಂದರು. ಆ ಹಳದಿ ಬಣ್ಣ ನನಗೆ ಇಂದಿಗೂ ಕಾಣುತ್ತದೆ.

“ಮುರೀತು ಭೀಮಶಾ ಅವರೆ,” ಎಂದೆ. “ಆಸ್ಟ್ರಿಯಾಕ್ಕ ಟ್ರಿಯೆಸ್ಟ್ ಬಂದರ ಅದ. ಯುದ್ಧದ ಹಡಗ ಇಟ್ಟ ದೇಶ ಅದು.”

ಶಾಂತಾಬಾಯಿ ನನ್ನನ್ನು ನೋಡಿದ ನೋಟದಲ್ಲಿ ಸೂಜಿಯ ಎಲ್ಲ ಅಳತೆಗಳೂ ಇದ್ದವು. “ಸ್ಯಾನ್ ಮರಿನೊ, ನಿಮಗ ಇವತ್ತೇ ಬೇಕಾಗಿತ್ತೇನ್ರಿ ಶಾಣ್ಯಾತನ?” ಎಂದರು. ಭೀಮಶಾ ಅವರು ಮಾತ್ರ ಕೋಪಗೊಳ್ಳಲಿಲ್ಲ. ಮೂವತ್ತು ವರ್ಷ ಅಣ್ಣತಮ್ಮಂದಿರ ಜಗಳದ ನಡುವೆ ಹೊಲ ಅಳೆಯುವ ಸರಪಳಿ ಎಳೆದ ಆ ಮನುಷ್ಯ ಮುಂದೆ ಬಾಗಿ, ಹೊಲದ ತಕರಾರು ತಂದವನನ್ನು ಕೇಳುವ ಹಾಗೆ ನನ್ನನ್ನು ಕೇಳಿದರು:

“ನೀವು ನೋಡಿದ್ದು ಯಾವ ಸಾಲಿನ ನಕ್ಷಾ ಸರ್?”

ಈ ಪ್ರಶ್ನೆಯನ್ನು ನಾನು ವರ್ಷಕ್ಕೊಮ್ಮೆಯಾದರೂ ವಿದ್ಯಾರ್ಥಿಗಳಿಗೆ ಕೇಳುತ್ತೇನೆ. ನನಗೆ ಯಾರೂ ಕೇಳಿರಲಿಲ್ಲ. ಪಾಠ ಮೊದಲ ಮಹಾಯುದ್ಧದ್ದು, ಎಂದು ತೊದಲಿದೆ.

“ಯುದ್ಧದ ಮೊದಲಿಂದೋ, ಆಮ್ಯಾಲಿಂದೋ?”

“ಮೊದಲಿಂದು ಇರಬೇಕು.”

“ಹಂಗಾದ್ರ ಆ ಹೊಲ ಪೋಡಿ ಆಗ್ಯಾದ ಸರ್!” ಎಂದರು ಭೀಮಶಾ. ಪೋಡಿ ಎಂದರೆ ಒಂದೇ ಸರ್ವೆ ನಂಬರಿನ ಹೊಲ ಪಾಲಾಗಿ, ಹೊಸ ಗಡಿ ಬಿದ್ದು, ಬೇರೆ ಬೇರೆ ನಂಬರಾಗುವುದು. ನಮ್ಮ ಕಡೆ ಮಕ್ಕಳಿಗೂ ಗೊತ್ತಿರುವ ಮಾತು. “ಯುದ್ಧ ಸೋತು ಆಸ್ಟ್ರಿಯಾ ಪಾಲಾಯ್ತು, ಸಮುದ್ರದ ಕಡಿ ತುಂಡು ಇಟಲಿಗಿ ಹೋಯ್ತು. ನೀವು ಪೋಡಿಗಿಂತ ಮೊದಲಿನ ನಕ್ಷಾ ಹಿಡಕೊಂಡು ಹೊಲದ ಹದ್ದು ತೋರಿಸ್ಲಿಕತ್ತೀರಿ. ಅಷ್ಟು ಹಳೇ ನಕ್ಷಾ ನಡೀತದಂದ್ರ, ಅದರಾಗ ನಾವು ನಾಕೂ ಮಂದಿ ಇನ್ನಾ ನಿಜಾಮನ ರಾಜ್ಯದಾಗ ಇರ್ತೀವಿ ನೋಡ್ರಿ. ನಿಮ್ಮ ಪಗಾರ ಹೈದ್ರಾಬಾದಿನಿಂದ ಬರ್ತದೇನು?”

ಮೊದಲು ನಕ್ಕವರು ಯಾರು ಎಂಬುದರಲ್ಲಿ ಮತ್ತೆ ಭಿನ್ನಾಭಿಪ್ರಾಯವಿದೆ. ಪಕ್ಕದ ಸೀಟುಗಳವರೂ ನಕ್ಕರೆಂಬುದು ಖಾಜಾಮಿಯಾ ಅವರ ಹೇಳಿಕೆ. ನಾನು ಕೂಡಲೇ, ದಾರಿಯ ನಡುವಿನ ಮಳಖೇಡ ದಾಟುವ ಮೊದಲೇ, ಉದಾರ ಮನಸ್ಸಿನಿಂದ ತೀರ್ಪು ಹಿಂದೆಗೆದುಕೊಂಡೆನೆಂದು ನನ್ನ ನೆನಪು ಹೇಳುತ್ತದೆ. ಸೇಡಂನ ಸಿಗ್ನಲ್ ಕಾಣುವವರೆಗೂ “ಆದರೆ, ಆದರೆ” ಎನ್ನುತ್ತಿದ್ದೆನೆಂದು ಶಾಂತಾಬಾಯಿ ಹೇಳುತ್ತಾರೆ. ಹಿಂದೆಗೆದುಕೊಂಡದ್ದಂತೂ ನಿಜ, ಮತ್ತು ಚೀಲದಿಂದ ಮೊಬೈಲು ಹೊರಬರುವ ಮೊದಲೇ. ಪುರಾವೆಯಿಲ್ಲದೆ ನಾನು ಒಬ್ಬರ ಮಾತು ಒಪ್ಪಿದ್ದು ಬಹುಶಃ ಅದೇ ಮೊದಲು. ಸೋತ ನನಗೆ ಗೆದ್ದವರಿಗಿಂತ ಹೆಚ್ಚು ಹಗುರವೆನಿಸಿತು. ನನ್ನ ತಲೆಯೊಳಗಿನ ಎಷ್ಟು ಹೊಲಗಳು ಎಂದೋ ಪೋಡಿಯಾಗಿ ಹೋಗಿವೆಯೋ ಏನೋ; ಹಳೆಯ ಹಳದಿಯ ಮೇಲೆ ನಾನಿನ್ನೂ ನ್ಯಾಯ ಹೇಳುತ್ತಿದ್ದೇನೆ.

“ಇಷ್ಟು ದೇಶ ಬಿಟ್ಟು ಇದನ್ನೇ ಎಲ್ಲಿಂದ ಹುಡುಕಿದ್ರಿ ಅಣ್ಣ?” ಎಂದು ಶಾಂತಾಬಾಯಿ ಕೇಳಿದರು.

“ನಮ್ಮ ಚಿಂಚೋಳಿಗಿ ರೈಲಿಲ್ಲ. ದಿನಾ ಬಸ್ಸಿನಾಗ ಕುಂತು, ನಮ್ಮಕಿಂತ ತ್ರಾಸಿನ ಊರು ಭೂಮಿ ಮ್ಯಾಲ ಯಾವುದರ ಅದೇನು ಅಂತ ಹುಡುಕ್ತಿದ್ದೆ ಅಕ್ಕೋರೆ. ಇದು ಸಿಕ್ತು. ಭಾಳ ಸಮಾಧಾನ ಆಯ್ತು.”

ಸೇಡಂ ಬಂತು. ಸಂಗತಿ ನಿಂತಿತ್ತು. ಖಾಜಾಮಿಯಾ ಬಾಗಿಲಲ್ಲಿ ನಿಂತು “ಲಿಕ್ಟನ್‌ಸ್ಟೈನ್ ಸಾಹೇಬರು ಇಳೀಲಿಕತ್ತಾರ, ದಾರಿ ಬಿಡ್ರೀ!” ಎಂದು ಕೂಗಿದರು. ಏನೆಂದು ತಿಳಿಯದ ಜನ ನಿಜಕ್ಕೂ ದಾರಿ ಬಿಟ್ಟರು. ಭೀಮಶಾ ಅವರು ಮಡಿಚಿದ್ದ ಶಾಲನ್ನು ಕೊಡವಿ, ಈಗ ತಮಗೆ ಒಪ್ಪುತ್ತದೆಂಬಂತೆ ಹೆಗಲ ಮೇಲೆ ಹೊದ್ದು, ರಾಜರು ನಡೆಯುವ ಹಾಗೆ ಪ್ಲಾಟ್‌ಫಾರಂ ಮೇಲೆ ನಡೆದರು. ಆಮೇಲೆ ಬಸ್ಸಿನ ನೆನಪಾಗಿ ಓಡಿದರು. ಓಡುತ್ತಲೇ ಹಿಂತಿರುಗಿ ನನ್ನತ್ತ ಕೈಯೆತ್ತಿ ಕೂಗಿದರು:

“ಸರ್, ಇನ್ನೊಂದು ಬಾಕಿ ಅದ! ಅದರ ರಾಜಧಾನಿಗೂ ರೈಲ್ವೆ ಸ್ಟೇಷನ್ ಇಲ್ಲಂತ! ಬಸ್ಸಿನಾಗೇ ಹೋಗಬೇಕಂತ!”

ಗೆದ್ದ ಮನುಷ್ಯನ ಉತ್ಸಾಹದ ಉತ್ಪ್ರೇಕ್ಷೆ ಇದೆಂದುಕೊಂಡೆ. ಯುರೋಪಿನ ನಡುಮಧ್ಯದ ಅಷ್ಟು ಶ್ರೀಮಂತ ದೇಶ, ರಾಜಧಾನಿಗೆ ನಿಲ್ದಾಣವಿಲ್ಲವೇ? ಮರುದಿನ ಕಾಲೇಜಿನ ಗ್ರಂಥಾಲಯದಲ್ಲಿ, ಮುದ್ರಣದ ವರ್ಷವನ್ನು ಮೊದಲು ನೋಡಿಕೊಂಡು, ಹೊಸ ಭೂಪಟವನ್ನು ತೆರೆದೆ. ರೈಲುಹಳಿಯ ಸಣ್ಣ ಕಪ್ಪು ಗೆರೆ ರಾಜಧಾನಿಯ ಪಕ್ಕದ ಶಾನ್ ಎಂಬ ಊರಿನ ಮೇಲೆ ಹಾದು ಹೋಗುತ್ತದೆ. ರಾಜಧಾನಿ ವಾಡುಜ್‌ಗೆ ನಿಲ್ದಾಣವಿಲ್ಲ, ಬಸ್ಸಿನಲ್ಲೇ ಹೋಗಬೇಕು.